ಓದು ಬಾರದಿದ್ದರೆ ಮದುವೆಯಿಲ್ಲ: ಫಿನ್ಲೆಂಡಿನ ಪುಸ್ತಕದ ಕಥೆ

ಅಕ್ಟೋಬರ್ 10ರ ಬೆಳಿಗ್ಗೆ 8 ಗಂಟೆಗೆ ಫಿನ್ಲೆಂಡಿನ ವಸತಿ ಸಮುಚ್ಚಯಗಳ ಮುಂದಿನ ಕಂಬಗಳಿಗೆ ನೀಲಿ ಶಿಲುಬೆಯ ಬಿಳಿ ಬಾವುಟ ಏರುತ್ತದೆ. ಹೊಸದಾಗಿ ಬಂದವರು ಯಾವುದೋ ಯುದ್ಧ ಗೆದ್ದ ದಿನವಿರಬೇಕು ಅಂದುಕೊಳ್ಳುತ್ತಾರೆ. ಅದು ಅಲೆಕ್ಸಿಸ್ ಕಿವಿ ಎಂಬ ಕಾದಂಬರಿಕಾರ ಹುಟ್ಟಿದ ದಿನ. ಫೆಬ್ರವರಿ 5 ಕವಿ ರೂನೆಬೆರ್ಗ್‌ನದು, ಫೆಬ್ರವರಿ 28 ಕಾಲೆವಾಲ ಮಹಾಕಾವ್ಯದ್ದು, ಮಾರ್ಚ್ 19 ನಾಟಕಗಳನ್ನು ಬರೆದ ಮಿನ್ನಾ ಕಾಂತ್ ಅವರದು, ಏಪ್ರಿಲ್ 9 ಬಿಷಪ್ ಮಿಕಾಯೆಲ್ ಅಗ್ರಿಕೊಲನದು, ಜುಲೈ 6 ಕವಿ ಎಯ್ನೊ ಲೆಯ್ನೊನದು. ಬರಹಗಾರರಿಗೆ ಇಷ್ಟು ಬಾವುಟ ಹಾರಿಸುವ ದೇಶ ಸಿಗುವುದು ಕಷ್ಟ. ರೂನೆಬೆರ್ಗ್‌ನ ಹೆಸರಲ್ಲಂತೂ ತಿಂಡಿಯೇ ಇದೆ: ನೆತ್ತಿಯ ಮೇಲೆ ರಾಸ್ಪ್‌ಬೆರಿ ಜಾಮ್ ಇಟ್ಟ, ಲೋಟದಾಕಾರದ ಬಾದಾಮಿ ಕೇಕು. ಜನವರಿಯಿಂದಲೇ ಬೇಕರಿಗಳಲ್ಲಿ ಸಿಗುತ್ತದೆ.

ಇಲ್ಲಿನ ಸಾಹಿತ್ಯ ಚರಿತ್ರೆಯ ವಿಚಿತ್ರವೆಂದರೆ ಓದುಗರು ಮೊದಲು ಹುಟ್ಟಿದರು, ಓದಲು ಕಾದಂಬರಿ ಆಮೇಲೆ ಬಂತು. ನಡುವಿನ ಅಂತರ ಸುಮಾರು ಇನ್ನೂರು ವರ್ಷ.

ಫಿನ್ನಿಶ್‌ನಲ್ಲಿ ಅಚ್ಚಾದ ಮೊದಲ ಪುಸ್ತಕ ಅಗ್ರಿಕೊಲನ 'ಅಬ್‌ಕಿರಿಯ', 1543ರದ್ದು. ಹೆಸರೇ ಹೇಳುವಂತೆ ಅಕ್ಷರಮಾಲೆಯ ಪುಸ್ತಕ, ಜೊತೆಗೆ ಒಂದಿಷ್ಟು ಪ್ರಾರ್ಥನೆ. 1548ರಲ್ಲಿ ಅವನೇ ಅನುವಾದಿಸಿದ ಬೈಬಲ್ಲಿನ ಹೊಸ ಒಡಂಬಡಿಕೆ ಬಂತು, ಇಡೀ ಬೈಬಲ್ಲಿಗೆ 1642ರವರೆಗೆ ಕಾಯಬೇಕಾಯಿತು. ಆಗ ಫಿನ್ಲೆಂಡ್ ಸ್ವೀಡನ್ನಿನ ಭಾಗ, ಆಡಳಿತ ಸ್ವೀಡಿಶ್‌ನಲ್ಲಿ, ವಿದ್ವತ್ತು ಲ್ಯಾಟಿನ್‌ನಲ್ಲಿ. ಫಿನ್ನಿಶ್ ಎಂದರೆ ಹೊಲದಲ್ಲಿ, ಅಡುಗೆಮನೆಯಲ್ಲಿ ಆಡುವ ಮಾತು.

ಜನರನ್ನು ಓದಿಗೆ ಹಚ್ಚಿದ್ದು 1686ರ ಚರ್ಚ್ ಕಾನೂನು. ಲೂಥರನ ಕ್ಯಾಟೆಕಿಸಂ, ಅಂದರೆ ಧರ್ಮದ ಪ್ರಶ್ನೋತ್ತರ ಪುಸ್ತಕ, ಬಾರದವರಿಗೆ ಚರ್ಚಿನಲ್ಲಿ ರೊಟ್ಟಿ, ದ್ರಾಕ್ಷಾರಸ ಕೊಡುವ ಕಮ್ಯೂನಿಯನ್ ಇಲ್ಲ, ಕಮ್ಯೂನಿಯನ್ ಇಲ್ಲದವರಿಗೆ ಮದುವೆಯಿಲ್ಲ. ಇದಕ್ಕೆ ವರ್ಷಕ್ಕೊಮ್ಮೆ ಪರೀಕ್ಷೆ. ಅದರ ಹೆಸರು ಕಿಂಕೆರಿ. ಊರಿನ ಯಾವುದಾದರೂ ದೊಡ್ಡ ಮನೆಯಲ್ಲಿ, ಸರದಿಯಂತೆ, ಪಾದ್ರಿಯೂ ಲುಕ್ಕರಿಯೂ ಬಂದು ಕೂರುತ್ತಿದ್ದರು. ಲುಕ್ಕರಿ ಎಂದರೆ ಚರ್ಚಿನಲ್ಲಿ ಹಾಡು ನಡೆಸುವವ, ಮಕ್ಕಳಿಗೆ ಅಕ್ಷರ ಕಲಿಸುವವನೂ ಅವನೇ. ಯಜಮಾನ, ಹೆಂಡತಿ, ಮಕ್ಕಳು, ಆಳುಗಳು, ಎಲ್ಲರೂ ಎದ್ದು ನಿಂತು ಓದಬೇಕು. ಪಾದ್ರಿ ಚರ್ಚಿನ ದೊಡ್ಡ ಖಾತೆಪುಸ್ತಕದಲ್ಲಿ ಪ್ರತಿಯೊಬ್ಬರ ಹೆಸರಿನ ಮುಂದೆ ಗುರುತು ಹಾಕುತ್ತಿದ್ದ. ಅಂಕಣಗಳು ಬೇರೆಬೇರೆ: 'ಸಿಸ್ಯಾಲುಕು', ಅಂದರೆ ಪುಸ್ತಕ ನೋಡಿ ಓದುವುದು, 'ಉಲ್ಕೊಲುಕು', ಅಂದರೆ ಬಾಯಿಪಾಠ. ಎರಡನ್ನೂ ಬೇರೆಯಾಗಿ ಅಳೆದದ್ದು ಜಾಣತನವೇ, ಏಕೆಂದರೆ ಉರು ಹೊಡೆದವನು ಪುಟ ತಿರುವುತ್ತಾ ಓದಿದಂತೆ ನಟಿಸಬಹುದಲ್ಲ. ಪದೇಪದೇ ಸೋತವರನ್ನು ಚರ್ಚಿನ ಬಾಗಿಲ ಬಳಿ ಯಲ್ಕಪೂ ಎಂಬ ಮರದ ತೊಲೆಗೆ ಕಾಲು ಸಿಕ್ಕಿಸಿ ಕೂರಿಸುವುದೂ ಇತ್ತು. ಈ ಖಾತೆಗಳು ಇಂದಿಗೂ ಉಳಿದಿವೆ. ವಂಶಾವಳಿ ಹುಡುಕುವವರು ಮುತ್ತಜ್ಜನ ಓದಿನ ಅಂಕಗಳನ್ನೂ ನೋಡಬಹುದು.

ಈ ಪದ್ಧತಿಯಲ್ಲಿ ಒಂದು ದೊಡ್ಡ ಕೊರತೆಯಿತ್ತು. ಓದಲು ಕಲಿಸಿದರು, ಬರೆಯಲು ಕಲಿಸಲಿಲ್ಲ. ದೇವರ ಮಾತು ಓದಿದರೆ ಸಾಕು, ರೈತನಿಗೆ ಲೇಖನಿ ಯಾಕೆ ಎಂಬ ಲೆಕ್ಕ. ಪುಸ್ತಕ ಸರಾಗವಾಗಿ ಓದುವವರು ಸಹಿ ಮಾಡುವ ಹೊತ್ತು ಬಂದಾಗ ಗುರುತು ಹಾಕಿ ಸುಮ್ಮನಾಗುತ್ತಿದ್ದರು. 1866ರ ಜನಶಾಲೆಗಳ ಕಾನೂನು ಬಂದ ಮೇಲೆಯೇ ಬರವಣಿಗೆ ನಿಧಾನವಾಗಿ ಹರಡಿದ್ದು; ಕಡ್ಡಾಯ ಶಿಕ್ಷಣ ಬಂದದ್ದು 1921ರಲ್ಲಿ.

1809ರಲ್ಲಿ ದೇಶ ರಷ್ಯಾದ ಚಕ್ರವರ್ತಿಯ ಕೈಸೇರಿತು. ಸ್ವೀಡನ್ನಿನಿಂದ ದೂರವಿಡಲು ಫಿನ್ನಿಶ್ ಬೆಳೆದರೆ ಒಳ್ಳೆಯದೇ ಎಂದು ಹೊಸ ಒಡೆಯರಿಗೂ ಅನ್ನಿಸಿತು, ಒಂದು ಮಿತಿಯವರೆಗೆ. 1831ರಲ್ಲಿ ಫಿನ್ನಿಶ್ ಸಾಹಿತ್ಯ ಸಂಘ ಹುಟ್ಟಿತು. ಕಾಯಾನಿ ಎಂಬ ಮೂಲೆಯ ಊರಿನಲ್ಲಿ ಸರ್ಕಾರಿ ವೈದ್ಯನಾಗಿದ್ದ ಎಲಿಯಾಸ್ ಲ್ಯೊನ್‌ರೂತ್ ಕರೇಲಿಯಾದ ಹಳ್ಳಿಗಳಲ್ಲಿ ಅಲೆದು ಹಾಡು ಬರೆದುಕೊಂಡು 1835ರಲ್ಲಿ 'ಕಾಲೆವಾಲ' ಕಟ್ಟಿದ. 1849ರಲ್ಲಿ ಬಂದ ದೊಡ್ಡ ಆವೃತ್ತಿಯಲ್ಲಿ 50 ಹಾಡು, 22,795 ಸಾಲು. ಇದು ಒಬ್ಬ ಹಾಡುಗಾರನ ಬಾಯಿಂದ ಬಂದ ಕಾವ್ಯವಲ್ಲ. ಬೇರೆಬೇರೆ ಹಾಡುಗಾರರ ಸಾಲುಗಳನ್ನು ಲ್ಯೊನ್‌ರೂತ್ ಹೊಲಿದದ್ದು. ಆ ಹೊಲಿಗೆಯ ಬಗ್ಗೆ ವಿದ್ವಾಂಸರು ಇಂದಿಗೂ ಜಗಳವಾಡುತ್ತಾರೆ.

ಮಿತಿ ಎಲ್ಲಿತ್ತೆಂದು 1850ರಲ್ಲಿ ಗೊತ್ತಾಯಿತು. ಧರ್ಮ ಮತ್ತು ಜೀವನೋಪಾಯದ ವಿಷಯ ಬಿಟ್ಟು ಬೇರೇನನ್ನೂ ಫಿನ್ನಿಶ್‌ನಲ್ಲಿ ಅಚ್ಚು ಹಾಕುವಂತಿಲ್ಲ ಎಂಬ ಆಜ್ಞೆ ಬಂತು. ಕಾದಂಬರಿ ಓದಿ ರೈತ ತಲೆ ಎತ್ತಿಯಾನೆಂಬ ಭಯ. ಹತ್ತು ವರ್ಷದಲ್ಲಿ ಆಜ್ಞೆ ಸಡಿಲವಾಯಿತು. 1863ರಲ್ಲಿ ಚಕ್ರವರ್ತಿ ಎರಡನೇ ಅಲೆಕ್ಸಾಂಡರ್, ಇನ್ನು ಇಪ್ಪತ್ತು ವರ್ಷದೊಳಗೆ ಕಚೇರಿಗಳಲ್ಲಿ ಫಿನ್ನಿಶ್ ಸ್ವೀಡಿಶ್‌ನ ಸಮಕ್ಕೆ ನಿಲ್ಲಬೇಕು ಎಂದ.

ಕಿವಿಯ 'ಏಳು ಸಹೋದರರು' ಬಂದದ್ದು 1870ರಲ್ಲಿ, ಕಂತುಗಳಲ್ಲಿ. ಕಥೆಯ ಬೀಜವೇ ಆ ಕಿಂಕೆರಿಯ ಭಯ. ಏಳು ಜನ ಗಟ್ಟಿಮುಟ್ಟಾದ ಅಣ್ಣತಮ್ಮಂದಿರು ಅಕ್ಷರ ಕಲಿಯಲು ಲುಕ್ಕರಿಯ ಮನೆಯಲ್ಲಿ ಮಕ್ಕಳಂತೆ ಕೂರುತ್ತಾರೆ, ಅವಮಾನ ತಡೆಯಲಾರದೆ ಕಿಟಕಿ ಹಾರಿ ಓಡುತ್ತಾರೆ, ಕಾಡು ಸೇರುತ್ತಾರೆ. ವರ್ಷಗಳ ನಂತರ ಓದು ಕಲಿಯುವಾಗ ಎಲ್ಲರಿಗಿಂತ ಕಿರಿಯ ಏರೊ ಮೇಷ್ಟ್ರು, ಎಲ್ಲರಿಗಿಂತ ಹಿರಿಯ ಯುಹಾನಿ ಹೆಣಗುವ ವಿದ್ಯಾರ್ಥಿ. ಪ್ರಾಧ್ಯಾಪಕ ಆಗಸ್ಟ್ ಆಲ್‌ಕ್ವಿಸ್ಟ್ ಪುಸ್ತಕವನ್ನು ಪತ್ರಿಕೆಯ ವಿಮರ್ಶೆಯಲ್ಲಿ ಹಿಗ್ಗಾಮುಗ್ಗಾ ಬೈದ. ಫಿನ್ನಿಶ್ ರೈತ ಇಂಥ ಒರಟನೇ ಎಂಬುದು ಅವನ ಸಿಟ್ಟು. ಹೆದರಿದ ಸಾಹಿತ್ಯ ಸಂಘ ಪುಸ್ತಕರೂಪದ ಪ್ರಕಟಣೆ ತಡೆಹಿಡಿಯಿತು. 1873ರಲ್ಲಿ ಅದು ಅಂಗಡಿಗೆ ಬರುವಷ್ಟರಲ್ಲಿ ಕಿವಿ ತೀರಿಹೋಗಿದ್ದ, 38ನೇ ವಯಸ್ಸಿಗೆ. ಈಗ ಹೆಲ್ಸಿಂಕಿಯ ರೈಲುನಿಲ್ದಾಣದ ಪಕ್ಕ ರಾಷ್ಟ್ರೀಯ ರಂಗಮಂದಿರದ ಎದುರು ತಲೆ ಬಾಗಿಸಿ ಕೂತಿರುವ ಕಂಚಿನ ಮನುಷ್ಯ ಅವನೇ.

ಮುಂದಿನದನ್ನು ಬೇಗ ಹೇಳಬಹುದು: 1939ರಲ್ಲಿ ಕಾದಂಬರಿಕಾರ ಸಿಲ್ಲನ್‌ಪ್ಯಾಗೆ ಸಾಹಿತ್ಯದ ನೊಬೆಲ್, 1945ರಲ್ಲಿ ಸ್ವೀಡಿಶ್‌ನಲ್ಲಿ ಬರೆಯುತ್ತಿದ್ದ ತೂವೆ ಯಾನ್ಸನ್‌ರ ಮೊದಲ ಮೂಮಿನ್ (ಮೂಮಿನ್ ಎಂಬ ಕಲ್ಪನೆಯ ಜೀವಿಗಳ ಮಕ್ಕಳ ಕಥೆ) ಪುಸ್ತಕ, 1954ರಲ್ಲಿ ವೈನ್ಯೊ ಲಿನ್ನನ 'ಅಜ್ಞಾತ ಸೈನಿಕ'. ಲಿನ್ನನ ಪುಸ್ತಕದಲ್ಲಿ ಒಬ್ಬೊಬ್ಬ ಸೈನಿಕನೂ ತನ್ನ ಊರಿನ ಮಾತನ್ನೇ ಆಡುತ್ತಾನೆ. ಧಾರವಾಡದವನನ್ನೂ ಕುಂದಾಪುರದವನನ್ನೂ ಒಂದೇ ಕಂದಕದಲ್ಲಿ ಕೂರಿಸಿದಂತೆ.

ಇನ್ನು ಇಲ್ಲಿಗೆ ಬರುವವರಿಗೆ ಬೇಕಾದ ಮಾತು. ಪುಸ್ತಕಕ್ಕೆ ಫಿನ್ನಿಶ್‌ನಲ್ಲಿ 'ಕಿರ್ಯ'. ಗ್ರಂಥಾಲಯ 'ಕಿರ್ಯಸ್ತೊ', ಪತ್ರ 'ಕಿರ್ಯೆ', ಅಕ್ಷರ 'ಕಿರ್ಯಾಯಿನ್', ಲೇಖಕ 'ಕಿರ್ಯಾಯಿಲಿಯ', ಸಾಹಿತ್ಯ 'ಕಿರ್ಯಲ್ಲಿಸೂಸ್'. ಒಂದು ಬೇರು ಹಿಡಿದರೆ ಬಳ್ಳಿಯೇ ಕೈಗೆ ಬರುತ್ತದೆ. ಕನ್ನಡಿಗರಿಗೆ ಈ ಭಾಷೆಯ ಪ್ರತ್ಯಯಗಳು ಅಷ್ಟು ಭಯ ಹುಟ್ಟಿಸುವುದಿಲ್ಲ. 'ತಾಲೊ' ಮನೆ, 'ತಾಲೊಸ್ಸ' ಮನೆಯಲ್ಲಿ, 'ತಾಲೊಸ್ಸಕಿನ್' ಮನೆಯಲ್ಲೂ. ನೆಂಟಸ್ತಿಕೆಯ ಭಾಷೆಗಳಲ್ಲ, ಆದರೆ ಪದದ ಬಾಲಕ್ಕೆ ಪೋಣಿಸುವ ಅಭ್ಯಾಸ ಒಂದೇ. ಹ್ರಸ್ವ, ದೀರ್ಘ, ಒತ್ತು ತಪ್ಪಿದರೆ ಅರ್ಥ ಕೆಡುವುದೂ ನಮ್ಮ ಹಾಲು-ಹಲ್ಲಿನಂತೆಯೇ: 'ತುಲಿ' ಬೆಂಕಿ, 'ತೂಲಿ' ಗಾಳಿ, 'ತುಲ್ಲಿ' ಸುಂಕದ ಕಟ್ಟೆ. ಎಡವುವುದು ನಿಘಂಟಿನಲ್ಲಿ. 'ಕಾದುಲ್ಲ' ಅಂದರೆ ಬೀದಿಯಲ್ಲಿ, ಆದರೆ ನಿಘಂಟಿನಲ್ಲಿರುವುದು 'ಕಾತು'. ಪ್ರತ್ಯಯ ಸೇರಿದಾಗ ನಡುವಿನ ವ್ಯಂಜನವೇ ಮೆತ್ತಗಾಗುತ್ತದೆ. ಜೊತೆಗೆ, ಚುಕ್ಕೆಯಿರುವ ಆ್ಯ (ä) ಮತ್ತು ಅ್ಯೊ (ö) ಅಕ್ಷರಗಳು ವರ್ಣಮಾಲೆಯ ಕೊನೆಯಲ್ಲಿ, ಝಡ್ ಆದ ಮೇಲೆ ಬರುತ್ತವೆ. ಕಪಾಟಿನ ಮೊದಲಲ್ಲಿ ಹುಡುಕಿ ಪುಸ್ತಕವಿಲ್ಲ ಎಂದು ವಾಪಸಾಗಬೇಡಿ.

ಓದಲು ಶುರುಮಾಡುವವರು 'ಸೆಲ್ಕೊಕಿರ್ಯ' ಕೇಳಿ. ಪ್ರಸಿದ್ಧ ಕಾದಂಬರಿಗಳನ್ನೇ ಚಿಕ್ಕ ವಾಕ್ಯ, ಬಳಕೆಯ ಪದಗಳಲ್ಲಿ ಮರುಬರೆದ ಪುಸ್ತಕಗಳಿವು. ವಲಸಿಗರಿಗೆ, ಓದಿನ ತೊಂದರೆ ಇರುವವರಿಗೆ, ವಯಸ್ಸಾದವರಿಗೆ ಎಂದೇ ಮಾಡಿದ್ದು. ಮಕ್ಕಳ ಪುಸ್ತಕದಿಂದ ಶುರುಮಾಡಿ ಎನ್ನುವ ಸಲಹೆ ಅಷ್ಟು ಒಳ್ಳೆಯದಲ್ಲ; ಅವುಗಳಲ್ಲಿ ಪ್ರಾಸ, ಪದಚಮತ್ಕಾರ ಜಾಸ್ತಿ.

ಗ್ರಂಥಾಲಯದ ಮೊದಲ ಕಾನೂನು 1928ರದ್ದು. ಎರವಲು ಉಚಿತ, ಇದು ಕಾನೂನಿನಲ್ಲೇ ಇದೆ. ಲೇಖಕರಿಗೆ ನಷ್ಟವಾಗದಿರಲೆಂದು ಎರವಲುಗಳ ಲೆಕ್ಕದಲ್ಲಿ ಸರ್ಕಾರ ಅವರಿಗೆ ಪರಿಹಾರ ಕೊಡುತ್ತದೆ. ಕಾರ್ಡಿಗೆ ಫೋಟೊ ಇರುವ ಗುರುತಿನ ಚೀಟಿ, ದೇಶದೊಳಗಿನ ವಿಳಾಸ ಬೇಕು. ಜೊತೆಗೆ ನಾಲ್ಕಂಕಿಯ ಪಿನ್ ಇಟ್ಟುಕೊಳ್ಳಬೇಕು. ಆ ಪಿನ್ ಮರೆಯಬಾರದು. ಸಿಬ್ಬಂದಿ ಇಲ್ಲದ ಹೊತ್ತಿನಲ್ಲೂ ಅನೇಕ ಶಾಖೆಗಳ ಬಾಗಿಲು ಕಾರ್ಡ್ ಮತ್ತು ಪಿನ್ನಿಗೆ ತೆರೆಯುತ್ತದೆ. ಹೆಲ್ಸಿಂಕಿ, ಎಸ್ಪೊ, ವಂತಾ, ಕೌನಿಯಾಯಿನೆನ್ ನಾಲ್ಕಕ್ಕೂ ಹೆಲ್‌ಮೆಟ್ ಎಂಬ ಒಂದೇ ಕಾರ್ಡು: ಒಂದೂರಲ್ಲಿ ತೆಗೆದ ಪುಸ್ತಕ ಇನ್ನೊಂದೂರಲ್ಲಿ ಹಿಂತಿರುಗಿಸಬಹುದು. ಅವಧಿ ಸಾಮಾನ್ಯವಾಗಿ 28 ದಿನ, ಮನೆಯಿಂದಲೇ ನವೀಕರಿಸಬಹುದು. ಹೊಸಬರು ದಂಡ ಕಟ್ಟುವುದು ಇಲ್ಲಿಯೇ: ಬೇರೆ ಯಾರಾದರೂ ಆ ಪುಸ್ತಕ ಕಾದಿರಿಸಿದ್ದರೆ ನವೀಕರಣ ಆಗುವುದಿಲ್ಲ. ಗುಂಡಿ ಒತ್ತಿದ್ದೇನೆ ಎಂದು ನಿಶ್ಚಿಂತರಾಗದೆ ಹೊಸ ದಿನಾಂಕ ಬಂದಿದೆಯೇ ನೋಡಿಕೊಳ್ಳಿ. ವಾಪಸು ಪಡೆಯುವ ಯಂತ್ರಕ್ಕೆ ಪುಸ್ತಕಗಳನ್ನು ಒಂದೊಂದಾಗಿ ಕೊಡಿ. ಎರಡನ್ನು ಒಟ್ಟಿಗೆ ತಳ್ಳಿದರೆ ಒಂದರ ಲೆಕ್ಕ ನಿಮ್ಮ ಹೆಸರಲ್ಲೇ ಉಳಿಯಬಹುದು.

ಹೆಲ್ಸಿಂಕಿಯಲ್ಲಿ ಸಂಸತ್ತಿನ ಎದುರಿಗೇ ನಿಂತಿರುವ 'ಓದಿ' ಎಂಬ ಗ್ರಂಥಾಲಯ ತೆರೆದದ್ದು 2018ರ ಡಿಸೆಂಬರ್ 5ರಂದು, ಸ್ವಾತಂತ್ರ್ಯ ದಿನದ ಮುನ್ನಾದಿನ. ಹೆಸರಿಗೆ ಫಿನ್ನಿಶ್‌ನಲ್ಲಿ ಪ್ರಗಾಥ, ಅಂದರೆ ಹೊಗಳಿ ಹಾಡುವ ಕವನ, ಎಂದರ್ಥ. ಕನ್ನಡದ ಕಿವಿಗೆ ಅದು ಅಪ್ಪಣೆಯಂತೆ ಕೇಳುವುದು ಕಾಕತಾಳೀಯ. ಮೇಲಿನ ಮಹಡಿಯಲ್ಲಿ ಪುಸ್ತಕ, ನಡುವಿನಲ್ಲಿ ಹೊಲಿಗೆ ಯಂತ್ರ, ತ್ರೀಡಿ ಪ್ರಿಂಟರು, ಸಂಗೀತದ ಕೋಣೆ. ಇದೆಲ್ಲ ಇದ್ದೂ ಮಕ್ಕಳ ಓದು ಇಳಿಯುತ್ತಿದೆ. ಹದಿನೈದರ ಮಕ್ಕಳಿಗೆ ಹಲವು ದೇಶಗಳಲ್ಲಿ ನಡೆಸುವ ಪಿಸಾ ಪರೀಕ್ಷೆಯಲ್ಲಿ ಫಿನ್ಲೆಂಡಿನ ಓದಿನ ಅಂಕ 2000ದಲ್ಲಿ 546 ಇತ್ತು, 2022ರಲ್ಲಿ 490. ಇನ್ನೂ ಸರಾಸರಿಗಿಂತ ಮೇಲೆಯೇ, ಆದರೆ ಕಿಂಕೆರಿಯ ನಾಡಿಗೆ ಇದು ದೊಡ್ಡ ಪೆಟ್ಟು. ಈಗ ಗ್ರಂಥಾಲಯಗಳಲ್ಲಿ ತರಬೇತಾದ ನಾಯಿಗಳಿವೆ. ತಡವರಿಸಿ ಓದುವ ಮಕ್ಕಳು ಪಕ್ಕದಲ್ಲಿ ಕೂತು ಅವಕ್ಕೆ ಕಥೆ ಓದಿ ಹೇಳುತ್ತಾರೆ. ನಾಯಿ ತಪ್ಪು ತಿದ್ದುವುದಿಲ್ಲ, ಖಾತೆಯಲ್ಲಿ ಗುರುತೂ ಹಾಕುವುದಿಲ್ಲ.

ಕರಾವಳಿಯವರು ಇಲ್ಲಿ ಕೇಳಿ ಓದಬೇಕಾದ ಪುಸ್ತಕ ಒಂದಿದೆ. ತುರ್ಕು ವಿಶ್ವವಿದ್ಯಾಲಯದ ಲೌರಿ ಹೊಂಕೊ ಮತ್ತು ಆನ್ನೆಲಿ ಹೊಂಕೊ, ಮಂಗಳೂರಿನ ವಿವೇಕ ರೈ ಮತ್ತು ಚಿನ್ನಪ್ಪ ಗೌಡರ ಜೊತೆ ಸೇರಿ ಬೆಳ್ತಂಗಡಿ ಕಡೆಯ ಗೋಪಾಲ ನಾಯ್ಕರ ಬಾಯಿಂದ ತುಳು ಸಿರಿ ಕಾವ್ಯವನ್ನು 1990ರ ಡಿಸೆಂಬರಿನಲ್ಲಿ ದಾಖಲಿಸಿದರು. ಕಾಲೆವಾಲದಂತೆ ಹೊಲಿದದ್ದಲ್ಲ, ಒಬ್ಬನೇ ಹಾಡುಗಾರನ 15,683 ಸಾಲು. 1998ರಲ್ಲಿ ಹೆಲ್ಸಿಂಕಿಯಲ್ಲಿ ಅಚ್ಚಾಯಿತು, ತುಳು ಪಠ್ಯದ ಜೊತೆ ಇಂಗ್ಲಿಷ್ ಅನುವಾದವೂ ಇದೆ. ಎಫ್‌ಎಫ್ ಕಮ್ಯುನಿಕೇಶನ್ಸ್ ಎಂಬ ಜಾನಪದ ಪುಸ್ತಕಮಾಲೆಯ 265 ಮತ್ತು 266ನೇ ಸಂಪುಟ ಎಂದು ಕೇಳಿದರೆ ಸಾಕು. ನಿಮ್ಮ ಶಾಖೆಯಲ್ಲಿ ಇಲ್ಲದಿದ್ದರೆ ಅಂತರ ಗ್ರಂಥಾಲಯ ಎರವಲಿಗೆ ಅರ್ಜಿ ಹಾಕಿ.