ಕಲ್ಯಾಣ ಮಂಟಪದಲ್ಲಿ ವೆರಾ ಮೆಂಚಿಕ್

ಚೆಸ್ ಟೂರ್ನಿಯ ಮೂರನೇ ರೌಂಡ್ ಮುಗಿದಿತ್ತು. ಮಗಳು ಓಡಿ ಬಂದು ಒಂದೇ ಉಸಿರಿಗೆ, "ಅಮ್ಮಾ, ಗೆದ್ದೆ! ಆನೆನ ಕೊನೆ ಸಾಲಿಗೆ ತಂದೆ, ರಾಜಂಗೆ ಹೋಗೋಕೆ ಜಾಗನೇ ಇರ್ಲಿಲ್ಲ" ಅಂದಳು. ಅವಳ ಹಿಂದೆಯೇ ಎದುರಾಳಿ ಹುಡುಗನೂ ಬಂದ. ಹತ್ತು ವರ್ಷ ಇರಬಹುದು. ಬಾಗಿಲಲ್ಲೇ ನಿಂತಿದ್ದ ಅವನ ಅಪ್ಪ ಏನಾಯ್ತು ಅಂತ ಕೇಳಿದರು. ಅವನು ತಲೆ ತಗ್ಗಿಸಿದ.

"ಹುಡುಗಿ ಹತ್ರ ಸೋತು ಬಂದ್ಯಾ?"

ಜೋರಾಗಿಯೇ ಕೇಳಿದರು. ಅಕ್ಕಪಕ್ಕದವರೆಲ್ಲ ತಿರುಗಿ ನೋಡಿದರು. ಹುಡುಗನ ಕಣ್ಣು ತುಂಬಿ ಬಂತು. ನನ್ನ ಮಗಳ ನಗು ಅಲ್ಲೇ ನಿಂತುಹೋಯಿತು. ಗೆದ್ದಿದ್ದೇ ತಪ್ಪಾಯಿತೇನೋ ಅನ್ನುವ ಹಾಗೆ ನನ್ನ ಮುಖ ನೋಡಿದಳು. ಆ ನೋಟ ನನಗೆ ಇನ್ನೂ ಮರೆತಿಲ್ಲ.

ಅವತ್ತು ಶಿವಮೊಗ್ಗದಲ್ಲಿ ಮಕ್ಕಳ ಚೆಸ್ ಟೂರ್ನಿ. ಕಲ್ಯಾಣ ಮಂಟಪದ ಊಟದ ಹಾಲ್‌ನಲ್ಲಿ, ಎಲೆ ಹಾಕುವ ಉದ್ದನೆಯ ಟೇಬಲ್‌ಗಳ ಮೇಲೆ ಸಾಲಾಗಿ ಬೋರ್ಡ್ ಹಾಸಿದ್ದರು. ಹೊರಗೆ ಒಂದೇ ಸಮನೆ ಮಳೆ. ಮೂರನೇ ರೌಂಡ್ ಮುಗಿಯುವ ಹೊತ್ತಿಗೆ ಕರೆಂಟ್ ಹೋಯಿತು, ಪ್ರಿಂಟರ್ ನಿಂತಿತು. ಯಾರಿಗೆ ಯಾರು ಎದುರಾಳಿ ಅಂತ ತಿಳಿಸುವ ಮುಂದಿನ ಪೇರಿಂಗ್ ಲಿಸ್ಟ್ ಬರುವುದು ಲೇಟ್ ಆಗುತ್ತೆ ಅಂದರು. ಮಕ್ಕಳು ಮೆಟ್ಟಿಲ ಮೇಲೆ ಕೂತು ಡಬ್ಬಿ ಬಿಚ್ಚಿದರು. ನಾನು ಮಗಳನ್ನು ಪಕ್ಕಕ್ಕೆ ಕೂರಿಸಿಕೊಂಡು, "ಒಂದು ಕಥೆ ಹೇಳ್ತೀನಿ ಕೇಳು" ಅಂದೆ. ಕಥೆ ಅಂದರೆ ಮಕ್ಕಳು ಬಿಡುತ್ತಾರಾ? ಏಳೆಂಟು ಜನ ಹತ್ತಿರ ಸರಿದರು.

ನನಗೆ ಚೆಸ್ ಕಲಿಸಿದ್ದು ನನ್ನ ಅಜ್ಜ. ಆಟಕ್ಕಿಂತ ಆಟಗಾರರ ಕಥೆಯನ್ನೇ ಜಾಸ್ತಿ ಹೇಳುತ್ತಿದ್ದರು. ಟಾಲ್‌ಗೆ ಬಲಗೈಯಲ್ಲಿ ಮೂರೇ ಬೆರಳು ಅನ್ನುವುದು, ಬೊಟ್ವಿನ್ನಿಕ್ ಎಲೆಕ್ಟ್ರಿಕಲ್ ಎಂಜಿನಿಯರ್ ಆಗಿದ್ದದ್ದು, ಸ್ಮಿಸ್ಲೋವ್ ಒಪೆರಾ ಹಾಡುತ್ತಿದ್ದದ್ದು, ಎಲ್ಲ ನನಗೆ ಜಗಲಿಯ ಮೇಲೆ ಸಿಕ್ಕಿದ್ದು. ಆದರೆ ಅಜ್ಜನ ಯಾವ ಕಥೆಯಲ್ಲೂ ಒಬ್ಬ ಹೆಂಗಸು ಇರಲಿಲ್ಲ. ವೆರಾ ಮೆಂಚಿಕ್ ಹೆಸರು ನನಗೆ ಸಿಕ್ಕಿದ್ದು ದೊಡ್ಡವಳಾದ ಮೇಲೆ. ಇದು ಮೊದಲೇ ಗೊತ್ತಿದ್ದಿದ್ದರೆ ಎಂದು ಎಷ್ಟೋ ಸಲ ಅನ್ನಿಸಿದೆ.

ವೆರಾ ಹುಟ್ಟಿದ್ದು 1906ರಲ್ಲಿ, ಮಾಸ್ಕೋದಲ್ಲಿ. ಅಪ್ಪ ಚೆಕ್, ಅಮ್ಮ ಇಂಗ್ಲಿಷಿನವರು. ಒಂಬತ್ತನೇ ವಯಸ್ಸಿಗೆ ಅಪ್ಪ ಚೆಸ್ ಸೆಟ್ ತಂದುಕೊಟ್ಟರು. ರಷ್ಯಾದ ಕ್ರಾಂತಿಯ ನಂತರ ಆ ಮನೆಯ ಬದುಕು ಕೆಟ್ಟಿತು. 1921ರಲ್ಲಿ ಅಮ್ಮನ ಜೊತೆ ಇಂಗ್ಲೆಂಡಿನ ಹೇಸ್ಟಿಂಗ್ಸ್ ಊರಿಗೆ ಬಂದಳು. ಅಲ್ಲಿನ ಭಾಷೆ ಸರಿಯಾಗಿ ಬರುತ್ತಿರಲಿಲ್ಲ. ಚೆಸ್ ಬೋರ್ಡ್ ಮುಂದೆ ಮಾತು ಬೇಕಿಲ್ಲವಲ್ಲ, ಊರಿನ ಚೆಸ್ ಕ್ಲಬ್ ಸೇರಿದಳು. ಹಂಗೇರಿಯ ದೊಡ್ಡ ಆಟಗಾರ ಗೇಜಾ ಮರೋತ್ಸಿ ಪಾಠ ಹೇಳಿಕೊಟ್ಟರು. 1927ರಲ್ಲಿ ಲಂಡನ್‌ನಲ್ಲಿ ಮೊಟ್ಟಮೊದಲ ಮಹಿಳಾ ವಿಶ್ವ ಚಾಂಪಿಯನ್‌ಶಿಪ್ ನಡೆಯಿತು. 11 ಆಟಕ್ಕೆ ಹತ್ತೂವರೆ ಪಾಯಿಂಟ್ ತೆಗೆದು ವೆರಾ ಗೆದ್ದಳು.

"ಕಥೆ ಇರೋದು ಇನ್ಮೇಲೆ" ಅಂದೆ. ಮಕ್ಕಳು ಇನ್ನಷ್ಟು ಹತ್ತಿರ ಬಂದರು.

1929, ಚೆಕೊಸ್ಲೊವಾಕಿಯಾದ ಕಾರ್ಲ್ಸ್‌ಬಾಡ್. 22 ಜನ ಆಡಿದ ದೊಡ್ಡ ಟೂರ್ನಿ. 21 ಗಂಡಸರು, ಒಬ್ಬಳೇ ವೆರಾ. ವಿಯೆನ್ನಾದ ಆಲ್ಬರ್ಟ್ ಬೆಕರ್ ಅನ್ನುವ ಆಟಗಾರರು ಎಲ್ಲರೆದುರು ಒಂದು ಮಾತು ಹೇಳಿದರು: ಈ ಹುಡುಗಿ ಕೈಲಿ ಸೋತವರನ್ನೆಲ್ಲ ಸೇರಿಸಿ 'ವೆರಾ ಮೆಂಚಿಕ್ ಕ್ಲಬ್' ಅಂತ ಮಾಡೋಣ. ಎಲ್ಲರೂ ನಕ್ಕರು. ವೆರಾ ಬೋರ್ಡ್ ಮುಂದೆ ಕೂತಳು, ಆಡಿದಳು. ಆ ಕ್ಲಬ್ಬಿನ ಮೊದಲ ಸದಸ್ಯ ಯಾರು ಗೊತ್ತಾ?

"ಬೆಕರ್ರೇ!" ಎಂದು ನನ್ನ ಮಗಳು ಕಿರುಚಿದಳು. ಮೆಟ್ಟಿಲೆಲ್ಲ ನಗು.

ಆಮೇಲೆ ಆ ಕ್ಲಬ್ಬಿಗೆ ಎಂಥೆಂಥವರು ಸೇರಿದರು! ಆಗಿನ ಅವಿಭಜಿತ ಪಂಜಾಬಿನಿಂದ ಹೋಗಿ ಮೂರು ಸಲ ಬ್ರಿಟಿಷ್ ಚಾಂಪಿಯನ್ ಆದ ಸುಲ್ತಾನ್ ಖಾನ್. ಎಂಟು ವರ್ಷದ ಹುಡುಗನಾಗಿದ್ದಾಗಲೇ ದೊಡ್ಡವರನ್ನು ಸೋಲಿಸುತ್ತಿದ್ದ ರೆಶೆವ್ಸ್ಕಿ. ಹಾಲೆಂಡಿನ ಮ್ಯಾಕ್ಸ್ ಯೂವೆ ಅಂತೂ ವೆರಾ ಎದುರು ಎರಡು ಸಲ ಸೋತರು. ಅದೇ ಯೂವೆ 1935ರಲ್ಲಿ ಅಲೆಖಿನ್ ಅವರನ್ನು ಸೋಲಿಸಿ ವಿಶ್ವ ಚಾಂಪಿಯನ್ ಆದರು. ಅವರು ಕೆಲಸ ಮಾಡುತ್ತಿದ್ದದ್ದು ಆಮ್‌ಸ್ಟರ್‌ಡ್ಯಾಮ್‌ನ ಹುಡುಗಿಯರ ಶಾಲೆಯಲ್ಲಿ, ಗಣಿತದ ಮೇಷ್ಟ್ರಾಗಿ.

ಅಷ್ಟರಲ್ಲಿ ಕಂಬದ ಮರೆಯಿಂದ ಒಂದು ದನಿ ಬಂತು. "ಆಂಟಿ, ಆ ಬೆಕರ್‌ಗೆ ಮನೇಲಿ ಬೈದ್ರಾ?"

ಅದೇ ಹುಡುಗ. ಎಷ್ಟು ಹೊತ್ತಿನಿಂದ ಅಲ್ಲಿ ನಿಂತಿದ್ದನೋ. ನನಗೆ ಗಂಟಲು ಕಟ್ಟಿದ ಹಾಗಾಯಿತು. "ಬಾ ಪುಟ್ಟಾ, ಇಲ್ಲಿ ಕೂತ್ಕೋ" ಅಂದೆ. "ಬೆಕರ್ ಆ ಒಂದು ಆಟ ಸೋತ್ರು ಅಷ್ಟೆ. ಟೂರ್ನಿ ಮುಗಿದಾಗ 12 ಪಾಯಿಂಟ್ ಮಾಡಿದ್ರು. ಆ ಯೂವೆ ಇದ್ದಾರಲ್ಲ, ಅವ್ರಿಗೆ ಸಮ."

ಅವನು ಬಂದು ಕೊನೆಯ ಮೆಟ್ಟಿಲ ಮೇಲೆ ಕೂತ. ನನ್ನ ಮಗಳು ಡಬ್ಬಿಯಿಂದ ಒಂದು ಕೋಡುಬಳೆ ತೆಗೆದು ಕೊಟ್ಟಳು.

ವೆರಾ ಸಾವಿನ ವಿಷಯ ಮಕ್ಕಳಿಗೆ ಹೇಳಬೇಕೋ ಬೇಡವೋ ಎಂದು ಒಂದು ಕ್ಷಣ ಯೋಚಿಸಿದೆ. ಹೇಳಿದೆ. 1944ರ ಜೂನ್ ಕೊನೆಯಲ್ಲಿ ಜರ್ಮನಿಯ ಹಾರುವ ಬಾಂಬ್ ಒಂದು ಲಂಡನ್‌ನ ಕ್ಲ್ಯಾಪಮ್‌ನಲ್ಲಿದ್ದ ಅವರ ಮನೆ ಮೇಲೆ ಬಿತ್ತು. ವೆರಾ, ತಂಗಿ ಓಲ್ಗಾ, ಅಮ್ಮ, ಮೂವರೂ ಒಟ್ಟಿಗೆ ಹೋದರು. ಓಲ್ಗಾ ಕೂಡ ಒಳ್ಳೆಯ ಚೆಸ್ ಆಟಗಾರ್ತಿ. ವೆರಾಗೆ ಆಗ 38 ವರ್ಷ. ಆ ದಿನದವರೆಗೂ ವಿಶ್ವ ಚಾಂಪಿಯನ್ ಪಟ್ಟ ಅವಳದೇ ಆಗಿತ್ತು, ಸತತ 17 ವರ್ಷ. ಮುಂದಿನ ಚಾಂಪಿಯನ್ ಬರಲು 1950ರವರೆಗೆ ಕಾಯಬೇಕಾಯಿತು.

ಮಕ್ಕಳು ಸುಮ್ಮನಾದರು. "ನೀವೆಲ್ಲ 2024ರಲ್ಲಿ ಬುಡಾಪೆಸ್ಟ್‌ನಲ್ಲಿ ನಮ್ಮ ಹುಡುಗಿಯರು ಚೆಸ್ ಒಲಿಂಪಿಯಾಡ್ ಗೆದ್ದಿದ್ದು ನೋಡಿದ್ರಲ್ಲ, ಹಾರಿಕಾ, ವೈಶಾಲಿ, ದಿವ್ಯಾ ಎಲ್ಲ? ಮಹಿಳೆಯರ ವಿಭಾಗದ ಆ ಕಪ್ ಹೆಸರೇನು ಗೊತ್ತಾ? ವೆರಾ ಮೆಂಚಿಕ್ ಕಪ್."

ಕರೆಂಟ್ ಬಂತು. ಪೇರಿಂಗ್ ಲಿಸ್ಟ್ ಗೋಡೆಗೆ ಅಂಟಿಸಿದರು. ಎಲ್ಲರೂ ಎದ್ದು ಓಡಿದರು.

ಮಗಳು ನಾಲ್ಕನೇ ರೌಂಡ್ ಸೋತಳು. ಐದನೆಯದನ್ನೂ ಸೋತಳು. ಸಂಜೆ ಭದ್ರಾವತಿ ಬಸ್ಸಿನಲ್ಲಿ ಕಿಟಕಿಗೆ ಹಣೆ ಆನಿಸಿ ಕೂತವಳು ಮಾತೇ ಆಡಲಿಲ್ಲ. ನಾನೂ ಸಮಾಧಾನ ಮಾಡಲು ಹೋಗಲಿಲ್ಲ. ತುಂಬಾ ಹೊತ್ತಾದ ಮೇಲೆ ಕೇಳಿದಳು.

"ಅಮ್ಮಾ, ಬೆಕರ್‌ನ ಸೋಲಿಸಿದ ಟೂರ್ನಿಲಿ ವೆರಾ ಎಷ್ಟು ಆಟ ಸೋತ್ರು?"

"17."

"21ರಲ್ಲಿ 17ಆ?" ನೆಟ್ಟಗೆ ಕೂತಳು. "ಮತ್ತೆ ಎಷ್ಟನೇ ಪ್ಲೇಸ್ ಬಂತು?"

"ಕೊನೇದು."

"ದಿನಾ ಸೋತು ದಿನಾ ಹೋಗ್ತಿದ್ರಾ?"

"ಹೂಂ. ಎಲ್ಲಾ 21 ಆಟಾನೂ ಆಡಿದ್ರು. ಮುಂದಿನ ವರ್ಷ ಹ್ಯಾಂಬರ್ಗ್‌ನಲ್ಲಿ ಮತ್ತೆ ವಿಶ್ವ ಚಾಂಪಿಯನ್ ಆದ್ರು."

ಅವಳು ಬೆರಳು ಮಡಚಿ ಏನೋ ಲೆಕ್ಕ ಹಾಕಿದಳು. ಆಮೇಲೆ ನನ್ನ ಬ್ಯಾಗ್ ಎಳೆದುಕೊಂಡು ಆಯಸ್ಕಾಂತದ ಸಣ್ಣ ಬೋರ್ಡ್ ಹೊರತೆಗೆದಳು. ತೊಡೆ ಮೇಲಿಟ್ಟು ಒಂದೊಂದೇ ಕಾಯಿ ಜೋಡಿಸಿದಳು. ಬಸ್ಸು ಹಂಪ್ ಹಾರಿದಾಗ ಒಂಟೆ ಒಂದು ಪಕ್ಕದ ಮನೆಗೆ ಜರುಗಿತು, ಅದನ್ನು ಸರಿಮಾಡಿದಳು.

"ನೋಡಮ್ಮಾ, ಐದನೇ ರೌಂಡ್ ಇದು. ಇಲ್ಲಿ ಕುದುರೆ ಹಿಂದಕ್ಕೆ ತಗೋಬಾರ್ದಿತ್ತು ಅಲ್ವಾ?"