ಎಂಟು ದಿನದ ರೊಟ್ಟಿ

1995ರಲ್ಲಿ ಬಿ.ಎ. ಓದಲು ಧಾರವಾಡಕ್ಕೆ ಬಂದಾಗ ನಾನೂ ಧಾರವಾಡ ಜಿಲ್ಲೆಯವಳೇ. 1997ರಲ್ಲಿ ಹಾವೇರಿ ಬೇರೆ ಜಿಲ್ಲೆಯಾಯಿತು. ಹಾಸ್ಟೆಲ್ ಕಾಟಿನ ಮೇಲೆ ಕುಳಿತಲ್ಲೇ ಪರಜಿಲ್ಲೆಯವಳಾದೆ!

ಬದಲಾಗದೆ ಉಳಿದದ್ದು ಬುತ್ತಿ. ಬ್ಯಾಡಗಿ ಕಡೆಯ ನಮ್ಮೂರಿಂದ ಅವ್ವ ಪ್ರತಿ ಗುರುವಾರ ಬಿಳಿ ಅರಿವೆಯಲ್ಲಿ ಕಟ್ಟಿ ಬಸ್ಸಿಗೆ ಇಡುತ್ತಿದ್ದಳು. ಸಂಜೆ ಬಸ್ ಸ್ಟ್ಯಾಂಡಿನಲ್ಲಿ ಕಾದು ಕಂಡಕ್ಟರ್ ಕೈಯಿಂದ ಇಸಿದುಕೊಳ್ಳುತ್ತಿದ್ದೆ. ರೊಟ್ಟಿ, ಶೇಂಗಾ ಚಟ್ನಿ, ಕೆಂಪು ಚಟ್ನಿ. ಅದರ ಬಣ್ಣ ನೋಡಿಯೇ ಕೆಲವರು ಹೆದರುತ್ತಿದ್ದರು. ಬ್ಯಾಡಗಿ ಮೆಣಸಿನಕಾಯಿಗೆ ಬಣ್ಣ ಜಾಸ್ತಿ, ಖಾರ ಕಡಿಮೆ ಅಂತ ತಿಂದ ಮೇಲೆ ಗೊತ್ತಾಗುತ್ತಿತ್ತು.

ಧಾರವಾಡದಲ್ಲಿ ಚೂಡಿದಾರ, ಊರಿಗೆ ಹೊರಟರೆ ಸೀರೆ. ಸಿನಿಮಾ ಅಂದರೆ ವಾರ್ಡನ್ ಅಕ್ಕೋರದು ನೂರು ಪ್ರಶ್ನೆ. ಶ್ರಾವಣ ಸೋಮವಾರ, ಸೋಮೇಶ್ವರ ಗುಡಿ ಅಂದರೆ ಒಂದೂ ಇಲ್ಲ. ಗುಡಿಗೆ ಹೋಗುತ್ತಿದ್ದೆವು, ಸುಳ್ಳಲ್ಲ. ಆಮೇಲೆ ಸುಭಾಷ್ ರಸ್ತೆಗೆ ಬಂದು ಮನೋಹರ ಗ್ರಂಥಮಾಲೆಯ ಅಟ್ಟ ಹತ್ತುತ್ತಿದ್ದೆವು. ಕೊಳ್ಳಲು ದುಡ್ಡಿಲ್ಲ, ಸುಮ್ನೆ ಪುಸ್ತಕ ಮುಟ್ಟಿ ಬರುವುದು. ಕುಂಕುಮ ಹಚ್ಚಿಕೊಂಡ ಹಣೆ ನೋಡಿ ದಾರಿಯಲ್ಲಿ ಯಾರೂ ಏನೂ ಕೇಳುತ್ತಿರಲಿಲ್ಲ.

ಎರಡನೇ ವರ್ಷದ ಪರೀಕ್ಷೆ ಹೊತ್ತಿಗೆ ಬುತ್ತಿಯಲ್ಲಿ ಅಪ್ಪನ ಚೀಟಿ ಬಂತು. ‘ರವಿವಾರ ಊರಿಗೆ ಬಾ. ನೋಡಾಕ ಬರ್ತಾರ.’ ಸೋಮವಾರ ನನ್ನ ಪೇಪರ್. ಅಳುತ್ತಾ ಕೂತೆ. ನನ್ನ ರೂಮಿನವಳು ಬುತ್ತಿ ಬಿಚ್ಚಿ ಎಣಿಸತೊಡಗಿದಳು.

‘ಏ, ಎಲ್ಲಾ ಕಡಕ್ ರೊಟ್ಟಿ. ಎಂಟ್ ದಿನಕ್ಕ ಸಾಕಾಗ್ತಾವ. ಊರಿಗೆ ಬರಾಕಿಗೆ ಇಷ್ಟ್ಯಾಕ ಕಳಿಸ್ಯಾರ?’

ನಾನು ಊರಿಗೆ ಹೋಗುವ ವಾರ ಅವ್ವ ಎರಡೇ ದಿನಕ್ಕಾಗುವಷ್ಟು ಕಟ್ಟುತ್ತಿದ್ದಳು. ಅವಳಿಗೆ ಅಕ್ಷರ ಬರುತ್ತಿರಲಿಲ್ಲ. ಚೀಟಿ ಬರೆಯುವುದು ಅಪ್ಪ, ಗಂಟು ಕಟ್ಟುವುದು ಅವ್ವ.

ನಾನು ಹೋಗಲಿಲ್ಲ. ಪೇಪರ್ ಬರೆದೆ. ಅಪ್ಪ ತಿಂಗಳುಗಟ್ಟಲೆ ಮಾತು ಬಿಟ್ಟಿದ್ದ. ಮುಂದೆ ಬಿ.ಎಡ್. ಮುಗಿಸಿ, ಕೆಲಸ ಹಿಡಿದ ಮೇಲೆ ಅಪ್ಪ ನೋಡಿದ ಹುಡುಗನನ್ನೇ ಮದುವೆಯಾದೆ. ಅದೂ ನನಗೆ ಒಪ್ಪಿಗೆಯೇ ಇತ್ತು.

ಹೋದ ದೀಪಾವಳಿಗೆ ಆಧಾರ್ ಕಾರ್ಡ್ ತೋರಿಸಿ, ಟಿಕೆಟ್ ದುಡ್ಡಿಲ್ಲದೆ ಬಸ್ಸಿನಲ್ಲಿ ಊರಿಗೆ ಹೋದೆ. ಅವ್ವನನ್ನು ಕೇಳಿಯೇಬಿಟ್ಟೆ, ‘ಅವತ್ತ ಬರಬ್ಯಾಡ ಅಂತ ಹೇಳಿ ಅಷ್ಟು ರೊಟ್ಟಿ ಕಳಿಸಿದ್ದೇನಬೇ?’

ಅವ್ವ ಒಲೆ ಕಡೆಯಿಂದ ತಿರುಗಲಿಲ್ಲ.

‘ಎಲ್ಲಿದೋ ಏನೋ. ಅವತ್ತ ಹಿಟ್ಟ ಜಾಸ್ತಿ ನಾದಿದ್ನಿ, ಅಷ್ಟ.’