ಕತೆ ಬೇಡ, ನಿಜದ್ದೇ ಬೇಕಂತೆ

ಸಂಜೆ ಅಣ್ಣನ ಮಗಳು ಬಂದಿದ್ಲು. "ಅತ್ತೆ, ರಜಕ್ಕೆ ಓದಕ್ಕೆ ಬುಕ್ ಕೊಡಿ, ಕತೆ ಗಿತೆ ಬೇಡ, ನಿಜವಾಗ್ಲೂ ನಡೆದಿರೋದು ಬೇಕು" ಅಂದ್ಲು.

ಭೈರಪ್ಪನವರ ಆತ್ಮಕಥೆ ಭಿತ್ತಿ ಕೊಟ್ಟೆ. ಅದ್ರ ಜೊತೆಗೇ ಅವರ ಕಾದಂಬರಿ ಗೃಹಭಂಗನೂ ಇಟ್ಟೆ.

ಭೈರಪ್ಪನವರು ನಮ್ ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರದವರು. ಚಿಕ್ಕ ವಯಸ್ಸಲ್ಲೇ ಮನೆಯವರನ್ನ ಪ್ಲೇಗು ಕಿತ್ಕೊಂಡ್ತು. ಅದೇ ಪ್ಲೇಗು ಗೃಹಭಂಗದಲ್ಲಿ ನಂಜಮ್ಮನ ಮನೆಗೂ ಬರುತ್ತೆ. ಕಾದಂಬರಿ 1970ರದ್ದು, ಆತ್ಮಕಥೆ 1996ರದ್ದು. ಆತ್ಮಕಥೆಲಿ ಹಿಂಗಾಯ್ತು ಅಂತ ಗೊತ್ತಾಗುತ್ತೆ ಸರಿ, ಆದ್ರೆ ಮಕ್ಕಳನ್ನ ಕಳ್ಕೊಂಡ ಮೇಲೂ ಆ ತಾಯಿ ಎದ್ದು ಮನೆ ನಡೆಸ್ಬೇಕಲ್ಲ, ಅದು ಹೆಂಗಿರುತ್ತೆ ಅಂತ ನಂಗೆ ಗೊತ್ತಾಗಿದ್ದು ನಂಜಮ್ಮನಿಂದ್ಲೇ. ಎರಡನ್ನೂ ಒಟ್ಟಿಗೆ ಓದ್ಬೇಕು ಕಣ್ರೀ, ಒಂದೇ ಓದಿದ್ರೆ ಅರ್ಧ ಓದ್ದಂಗೆ.

ಮೂಡಿಗೆರೆ ಕಡೆ ಹೋದ್ರೆ ತೇಜಸ್ವಿ. ಕರ್ವಾಲೊ ಕಾದಂಬರಿನೇ, ಆದ್ರೆ ಹಾರೋ ಓತಿ ಹುಡುಕ್ಕೊಂಡು ಕಾಡಿಗೆ ಹೋಗೋವಾಗ ಎಷ್ಟು ವಿಜ್ಞಾನ ಒಳಗೆ ಇಳಿಯುತ್ತೆ! ಅವರ 'ಪರಿಸರದ ಕತೆ' ಪುಸ್ತಕ ಉಲ್ಟಾ, ಅನುಭವನೇ ಬರ್ದಿರೋದು, ಕತೆ ಥರ ಓಡುತ್ತೆ.

ಇನ್ನು ನಮ್ ಹಾಸನದ ಬಾನು ಮುಷ್ತಾಕ್ ಮೇಡಂ. ವಕೀಲರು, ಹೋರಾಟಗಾರ್ತಿ, ಬರೆದಿದ್ದು ಸಣ್ಣಕತೆ. ದೀಪಾ ಭಾಸ್ತಿ ಇಂಗ್ಲಿಷಿಗೆ ತಂದ್ರು, 2025ರಲ್ಲಿ ಅಂತಾರಾಷ್ಟ್ರೀಯ ಬುಕರ್ ಬಂತು. ಆ ಕತೆಗಳಲ್ಲಿರೋ ಹೆಣ್ಮಕ್ಕಳು ನಮ್ ಬೀದಿಲೇ ಇದಾರೆ, ಬರೀ ಕತೆ ಅಂತ ಪಕ್ಕಕ್ಕಿಡಕ್ಕೆ ನನ್ ಕೈಲಾಗಲ್ಲ.

ಗೊರೂರರ 'ಹಳ್ಳಿಯ ಚಿತ್ರಗಳು' ಪುಸ್ತಕ ಒಂದು ಸಿಗ್ತಿಲ್ಲ. ಯಾರ ಹತ್ರನಾದ್ರೂ ಇದ್ರೆ ಹೇಳಿ, ಅವಳಿಗೆ ಅದನ್ನೂ ಓದಿಸ್ಬೇಕು.